ಕ್ಯಾಸೆಟ್ಟಿನ ಮ್ಯಾಲ ಇಲ್ಲದ ಹೆಸರು

ಓದವರಿಗೆಲ್ಲ ಶರಣ್ರಿ. ನಾ ಸಾಲಿ ಕಲತದ್ದು ಮೂವತ್ತೈದು ದಾಟಿದ ಮ್ಯಾಲ. ಒಂದ ಬೆರಳಲೆ ಟೈಪ್ ಮಾಡಾಕತ್ತೇನಿ. ತಪ್ಪಿದ್ರ ಹೊಟ್ಟ್ಯಾಗ ಹಾಕ್ಕೋರಿ. ಆದ್ರ ನನ್ನ ಸಿಟ್ಟಿಗೆ ಮಾಫಿ ಕೇಳೂದಿಲ್ಲ.

ಎಂಬತ್ತನೇ ಇಸ್ವಿ ಸುಮಾರು. ಇಳಕಲ್ಲಿಗೆ ಕೆಂಪು ಕಲ್ಲು ಖರೀದಿಗೆ ಬಂದಿದ್ದ ಪರದೇಶದಾಂವ ಒಬ್ಬ, ಕ್ವಾರಿ ಮಾಲಕರಿಗೆ ಒಂದು ಕ್ಯಾಸೆಟ್ ಕೊಟ್ಟು ಹೋಗಿದ್ದ. ಅವರ ಕಡಿಂದ ಅದು ನನ್ನ ಕೈಗೆ ಬಂತು. ಜಾಝ್ ಅಂತಿದ್ರು. ಆರ್ಗನ್, ಡ್ರಮ್, ಗಿಟಾರ್, ಮೂರ ಮಂದಿ. ಹಾಡವರ ಇಲ್ಲ. ಸತ್ತವರ ಮನ್ಯಾಗ ಹೆಣ್ಣಮಕ್ಕಳು ಅತ್ತು ಅತ್ತು ದಣದ ಮ್ಯಾಲ ಉಸರ ಎಳಕೋತಾರಲ್ಲ, ಆ ಆರ್ಗನ್ ಹಂಗ ಎಳೀತಿತ್ತು. ನನ್ನ ಕಡೆ ಮುಚ್ಚಿಹೋದ ನಾಟಕ ಕಂಪನಿಯ ಕಾಲಪೇಟಿ, ಅಂದ್ರ ಕಾಲ ಹಾರ್ಮೋನಿಯಂ, ಇತ್ತು. ಕಾಲಲೆ ಗಾಳಿ ತುಳದು ಎರಡೂ ಕೈಲೆ ನುಡಸೂದು. ಹಗಲೆಲ್ಲಾ ತುಳದು ತುಳದು ಆ ಧಾಟಿ ಹಿಡದೆ.

ಹುನಗುಂದದ ಬ್ಯಾಂಡ್ ಮಾಸ್ತರ ಕ್ಲಾರ್ನೆಟ್, ಗುಳೇದಗುಡ್ಡದ ನೇಕಾರ ಗೆಳೆಯ ತಬಲಾ, ನಾ ಪೇಟಿ. ಬಾಗಲಕೋಟ್ಯಾಗ ಕ್ಯಾಸೆಟ್ ಅಂಗಡಿ ಮ್ಯಾಲಿನ ಖೋಲಿ. ಟಾಂಗಾ ಸಪ್ಪಳ ಒಳಗ ಬರಬಾರ್ದಂತ ಕಿಡಕಿಗೆ ಕೌದಿ ಕಟ್ಟಿ, ಬೆವತು ನೀರಾಗಿ ಒಂದು ಟೇಪ್ ತುಂಬಿಸಿದ್ವಿ. ಅಂಗಡಿಯಾಂವ ಕಾಗದಕ್ಕ ಸಹಿ ಕೇಳಿದ. ನಾ ಹೆಬ್ಬೆಟ್ಟು ಒತ್ತಿದೆ.

ಮಾಸ್ತರ ಎಲ್ಲಾರ ಮುಂದ ನಕ್ಕ. "ಏನಲೇ, ನುಡಸಾಕ ಹತ್ತೂ ಬೆರಳು, ಬರಿಯಾಕ ಒಂದ ಹೆಬ್ಬೆಟ್ಟ?"

ನಾನೂ ನಕ್ಕೆ. ಆಮ್ಯಾಲ ಕ್ಯಾಸೆಟ್ ಅಚ್ಚಾಗಿ ಬಂತು. ಗೆಳೆಯಾಗ ಅಂದೆ, "ನನ್ನ ಹೆಸರು ಎಲ್ಲೈತಿ, ಬೆರಳಿಟ್ಟು ತೋರ್ಸು."

ಅಂವ ತಿರುವಿ ಮುರುವಿ ನೋಡಿದ. "ನಂದೈತಿ, ಮಾಸ್ತರಂದೈತಿ. ನಿಂದಿಲ್ಲೋ."

ಅಂಗಡಿಯಾಂವಗ ಹೆಸರು ಬರಕೊಟ್ಟಾಂವ ಮಾಸ್ತರನ. ಅವನ್ನ ಕೇಳಿದ್ರ, "ಓದಾಕ ಬರದಾಂವಗ ಹೆಸರ್ಯಾಕ ಬೇಕೋ?" ಅಂದ.

ಇದನ್ನ ತೀರಿಸಬೇಕಂತ ಅವತ್ತ ಮನಸಿನ್ಯಾಗ ಗಂಟ ಹಾಕಿದೆ.

ಮುಂದ ಬದಾಮ್ಯಾಗ ಒಂದು ಲಗ್ನ. ಟೇಪ್ ಕೇಳಿ ನಮ್ಮನ್ನ ಕರಿಸಿದ್ರು. ನಮ್ಮ ಪದ್ಧತಿ ಹೆಂಗಂದ್ರ, ಪೇಟಿ ಮೊದಲ ಸುರು ಮಾಡತೈತಿ, ಅದು ಯಾವ ಮನಿಯಿಂದ, ಅಂದ್ರ ಯಾವ ಪಟ್ಟಿಯ ಸುರದಿಂದ, ಎದ್ದೀತೋ ಉಳದವರೂ ಅಲ್ಲಿಗೇ ಬರಬೇಕು. ಮಾಸ್ತರನ ಬೆರಳು ಬಿಳಿ ಒಂದಕ್ಕ, ಅಂದ್ರ ಮೊದಲ ಬಿಳಿ ಮನಿಗೆ, ರೂಢಿಯಾಗಿ ಕುಂತಿದ್ವು. ನಾ ಕರಿ ಒಂದರಿಂದ ಎತ್ತಿದೆ. ಬರೇ ಒಂದ ಮನಿ ಮ್ಯಾಲ, ಆದ್ರ ಕ್ಲಾರ್ನೆಟ್ಟಿನಾಗ ಬೆರಳೆಲ್ಲಾ ಬದಲಾಗತಾವು.

ಅಂವ ಕ್ಲಾರ್ನೆಟ್ ಊದಿದ. ಕೀಂ ಅಂತು. ಮತ್ತ ಊದಿದ, ಮತ್ತ ಕೀಂ. ಬೀಗರು ಒಬ್ಬರ ಮಾರಿ ಒಬ್ಬರು ನೋಡಿದ್ರು. ಮುಂದ ಕುಂತ ಮುದಕಿ, "ಯಪ್ಪಾ, ಆ ಕೋಳಿ ಕುತಗಿ ಬಿಡ್ರೋ!" ಅಂದ್ಲು. ಹಂದರ ಪೂರಾ ನಕ್ಕಿತು.

ಮಾಸ್ತರ ಬಗ್ಗಿ ಪಿಸುಗುಟ್ಟಿದ. "ತಮ್ಮಾ, ಬಿಳಿ ಒಂದಕ್ಕ ಬಾ. ಕೈ ಮುಗೀತೇನಿ."

"ಹೆಬ್ಬೆಟ್ಟಿನಾಂವಗ ಬಿಳಿ ಯಾವದು, ಕರಿ ಯಾವದು, ಹೆಂಗ ಗೊತ್ತಾಗಬೇಕ್ರಿ ಮಾಸ್ತರ?" ಅಂದು ಇನ್ನೂ ಜೋರ ತುಳದೆ. ಒಂದ ತಾಸು ಬಿಡಲಿಲ್ಲ. ಅಂವ ಕಡೀಕ ಕ್ಲಾರ್ನೆಟ್ ತೊಡಿ ಮ್ಯಾಲ ಇಟಗೊಂಡು ತೆಳಗ ಮಾರಿ ಹಾಕಿ ಕುಂತ. ನನ್ನ ಹೊಟ್ಟಿ ತಣ್ಣಗಾತು.

ಗೆಳೆಯ ಬೈದ. "ಲೇ, ವಾದ್ಯದಾಗ ಸಿಟ್ಟು ತೀರಿಸ್ತಾರೇನು?" ಅಂವ ಅಂದದ್ದು ಖರೆ ಇರಬಹುದು. ಮೂರೂ ಮಂದಿ ಮತ್ತ ಕೂಡಲಿಲ್ಲ, ಎರಡನೇ ಟೇಪ್ ಆಗಲಿಲ್ಲ. ಅದೊಂದು ಸಂಕಟ ಇನ್ನೂ ಐತಿ.

ಆಮ್ಯಾಲ ವಯಸ್ಕರ ಸಾಲಿ ಸೇರಿದೆ. ಮೊದಲ ಬರದದ್ದು ನನ್ನ ಹೆಸರು. ಎರಡನೇದ್ದು ಮಾಸ್ತರಂದು. ಬರದು, ಅದರ ಮ್ಯಾಲ ಅಡ್ಡ ಗೀಟು ಹೊಡದೆ. ಈಗ ಇಲ್ಲಿ ಅವನ ಹೆಸರು ಹಾಕೂದು ಬಿಡೂದು ನನ್ನ ಕೈಯಾಗೈತಿ. ಹಾಕಿಲ್ಲ. ಬೇಕಂತನ ಹಾಕಿಲ್ಲ.

ನಿಮ್ಮ ದುಡಿಮಿ ಮ್ಯಾಲಿಂದ ನಿಮ್ಮ ಹೆಸರು ಯಾರರೆ ತಗದಿದ್ರ, ನೀವೇನ ಮಾಡಿದ್ರಿ? ನಾಚಬ್ಯಾಡ್ರಿ, ಬರದು ತಿಳಸ್ರಿ.