ಏಳು ಮಾಳಿಗೆಗಳ ಒಪ್ಪಂದ

ನಾನು ಮುಂಡರಗಿಯಿಂದ ಬೆಟಗೇರಿಗೆ ಸೊಸೆಯಾಗಿ ಬಂದಾಗ ನಮ್ಮ ಓಣಿಯಲ್ಲಿ ಏಳು ಮನೆಗಳಿದ್ದವು; ಮಂಗಗಳು ಎಷ್ಟಿದ್ದವೋ ದೇವರೇ ಬಲ್ಲ. ಎಂಬತ್ತರ ದಶಕದ ಮಾತು. ಕೆಳಗೆ ಮಗ್ಗದ ಸದ್ದು, ಮೇಲೆ ಒಂದಕ್ಕೊಂದು ಅಂಟಿಕೊಂಡ ಮಣ್ಣಿನ ಮಾಳಿಗೆಗಳು, ನಡುವೆ ಮೊಣಕಾಲೆತ್ತರದ ಗೋಡೆ. ಬೇಸಿಗೆ ಬಂತೆಂದರೆ ನಾವು ಹಳೇ ಸೀರೆ ಹಾಸಿ ಸಂಡಿಗೆ, ಹಪ್ಪಳ ಒಣಹಾಕುತ್ತಿದ್ದೆವು. ಮಂಗಗಳು ಬೀಗರ ಹಾಗೆ ಬಂದು ಪಂಕ್ತಿಯಲ್ಲಿ ಕೂರುತ್ತಿದ್ದವು. ನಾವು ಓಡಿಸಿದರೆ ಪಕ್ಕದ ಮಾಳಿಗೆಗೆ ಜಿಗಿತ, ಅವರು ಓಡಿಸಿದರೆ ಮತ್ತೆ ನಮ್ಮದಕ್ಕೆ. ಕೊನೆಗೆ ಮಂಗಗಳನ್ನು ಬಿಟ್ಟು ನಾವು ನಾವೇ ಹಲ್ಲು ಕಡಿಯುತ್ತಿದ್ದೆವು.

ಓಣಿಯ ಕೊನೆಯ ಮನೆಯಲ್ಲಿ ನಿವೃತ್ತ ಮಾಸ್ತರರೊಬ್ಬರಿದ್ದರು. ಹಿಂದಿನ ಚಳಿಗಾಲದಲ್ಲಿ ಅಕ್ಕಪಕ್ಕದ ಏಳು ದೇಶಗಳ ಮುಖಂಡರು ಬೆಂಗಳೂರಿನಲ್ಲಿ ಸಭೆ ಸೇರಿದ್ದನ್ನು ರೇಡಿಯೊದಲ್ಲಿ ಕೇಳಿದಾಗಿನಿಂದ ಅವರಿಗೆ ಅದೇ ಗುಂಗು. ಏಳೂ ಮನೆಯವರನ್ನು ತಮ್ಮ ಕಟ್ಟೆಗೆ ಕರೆದರು.

“ಅಷ್ಟು ದೊಡ್ಡ ದೇಶದವರು ಕೂಡಿ ಮಾತಾಡ್ತಾರ. ನಮಗೇನು ಧಾಡಿ ಆಗೇತ್ರಿ?” ಎಂದರು. “ಆದ್ರ ಒಂದು ಕಾಯ್ದೆ. ಇಬ್ಬರ ನಡುವಿನ ಜಗಳ ಸಭಾದಾಗ ತೆಗಿಯಂಗಿಲ್ಲ. ಅಲ್ಲೂ ಹಂಗ ಐತಿ. ಎಲ್ಲಾರಿಗೂ ಸಂಬಂಧಪಟ್ಟದ್ದಷ್ಟ ಮಾತಾಡಬೇಕು.”

ಆ ಕಾಯ್ದೆ ಯಾರ ಸಲುವಾಗಿ ಎಂದು ಎಲ್ಲರಿಗೂ ತಿಳಿದಿತ್ತು. ಕಟ್ಟೆಯ ಈ ತುದಿಗೆ ನನ್ನ ಅತ್ತೆ, ಆ ತುದಿಗೆ ಪಕ್ಕದ ಮನೆಯ ಚಾಚಿ. ಚಾಚಿಯ ಮನೆಯವರು ಅರಳೆ ತುಂಬಿ ಗಾದಿ ಹೊಲಿಯುವವರು. ನನ್ನ ಗಂಡ ಹುಟ್ಟುವ ಮೊದಲಿನಿಂದ ಇಬ್ಬರೂ ಜೀವದ ಗೆಳತಿಯರು. ಸಂಡಿಗೆ ಹಿಟ್ಟನ್ನೂ ಒಂದೇ ಪಾತ್ರೆಯಲ್ಲಿ ಕುದಿಸಿದವರು. ಹಿಂದಿನ ಮಳೆಗಾಲದಲ್ಲಿ ನಮ್ಮ ಮಾಳಿಗೆಯ ನೀರು ಹರಿದು ಚಾಚಿಯ ಮನೆಯ ಅರಳೆಯೆಲ್ಲ ತೊಯ್ದುಹೋಯಿತು. ಮಾತಿಗೆ ಮಾತು ಬೆಳೆದು, “ಇನ್ನ ನಿನ್ನ ಮಾರಿ ನೋಡಂಗಿಲ್ಲ” ಎಂದು ಅತ್ತೆ ಅಂದುಬಿಟ್ಟರು. ಅಂದಿನಿಂದ ಅತ್ತೆಯ ನಗುವೇ ಮಾಯ. ಸಂಜೆ ಬಾಗಿಲಲ್ಲಿ ಸುಮ್ಮನೆ ಕೂತಿರುತ್ತಿದ್ದರು. ನೋಡಿದರೆ ನನಗೆ ಪಾಪ ಎನಿಸುತ್ತಿತ್ತು, ಜೊತೆಗೆ ಸಿಟ್ಟೂ ಬರುತ್ತಿತ್ತು. “ಆಕಿಗೆ ಹೇಳು”, “ಆಕಿಗೆ ಕೇಳು” ಎಂದು ಇಬ್ಬರೂ ನನ್ನನ್ನೇ ಓಡಾಡಿಸುತ್ತಿದ್ದರಲ್ಲ!

ಒಪ್ಪಂದವೇನೋ ಆಯಿತು. ಮಂಗ ಕಂಡ ಮನೆಯವರು ಊಟದ ತಾಟು ಬಡಿಯಬೇಕು, ಕೇಳಿದ ಪಕ್ಕದವರು ತಮ್ಮದನ್ನು ಬಡಿಯಬೇಕು, ಹೀಗೆ ಸದ್ದು ಏಳೂ ಮಾಳಿಗೆ ದಾಟಬೇಕು. ಎಲ್ಲಾ ಕಡೆಯಿಂದ ಗದ್ದಲವಾದರೆ ಮಂಗ ಎಲ್ಲಿಗೆ ಹಾರೀತು? ಯೋಜನೆ ಬಲು ಚೆನ್ನಾಗಿತ್ತು. ಆದರೆ ಚಾಚಿಯ ತಾಟು ಕೇಳಿದರೆ ಅತ್ತೆ ಅಲುಗುತ್ತಿರಲಿಲ್ಲ. ನಾನು ಬಡಿಯಲು ಹೋದರೆ ಕಸಿದುಕೊಂಡರು.

“ಆಕಿ ತಾಟಿಗೆ ನಮ್ಮ ತಾಟು ಕುಣಿಬೇಕೇನು?”

ನಮ್ಮ ತಾಟಿಗೆ ಚಾಚಿಯೂ ಕಿವುಡಿಯಾಗುತ್ತಿದ್ದರು. ಮಂಗಗಳು ದಡ್ಡವಲ್ಲ. ಸದ್ದು ನಿಲ್ಲುವ ಜಾಗ ಗುರುತು ಹಿಡಿದು ನೇರ ನಮ್ಮಿಬ್ಬರ ಮನೆಯ ನಡುವೆಯೇ ಇಳಿಯತೊಡಗಿದವು. ಮುಂದಿನ ಸಭೆಯಲ್ಲಿ ತಾಟಿನ ಸದ್ದು ಎಲ್ಲಿ ನಿಲ್ಲುತ್ತಿದೆ ಎಂಬ ಚರ್ಚೆ ಬಹಳ ಹೊತ್ತು ನಡೆಯಿತು. ಗಾಳಿಯ ದಿಕ್ಕು, ಮಗ್ಗದ ಗದ್ದಲ, ತಾಟು ತೆಳು ಎಂದೆಲ್ಲ ಹೇಳಿದರೇ ಹೊರತು ಆ ಎರಡು ಮನೆಗಳ ಮಾತು ಯಾರೂ ಎತ್ತಲಿಲ್ಲ. ಕಾಯ್ದೆ ಅಂದರೆ ಕಾಯ್ದೆ.

ಒಂದು ದಿನ ನಾನು ನಳದಿಂದ ನೀರು ತಂದು ಮಾಳಿಗೆ ಹತ್ತಿದರೆ ನಮ್ಮ ಸೀರೆಯ ಮೇಲೆ ಒಂದು ಸಂಡಿಗೆಯೂ ಇಲ್ಲ. ಅತ್ತೆಯೂ ಇಲ್ಲ. ನೋಡಿದರೆ, ಗೋಡೆಯಾಚೆ ಚಾಚಿಯ ಮಾಳಿಗೆಯ ಮೇಲೆ ತಾಟು ತೊಡೆಯ ಮೇಲಿಟ್ಟುಕೊಂಡು, ಸೆರಗು ತಲೆಗೆ ಹೊದ್ದು, ಸುಡು ಬಿಸಿಲಲ್ಲಿ ಕೂತಿದ್ದಾರೆ! ಚಾಚಿ ಬೆಳಿಗ್ಗೆಯೇ ಕಳಸಾಪುರದ ತಂಗಿಗೆ ಆರಾಮಿಲ್ಲವೆಂದು ಹೋಗಿದ್ದರಂತೆ. ಮಂಗಗಳು ಅವರ ಸಂಡಿಗೆಗೆ ಕೈ ಹಾಕಿದ್ದನ್ನು ಕಂಡು ಅತ್ತೆ ಗೋಡೆ ದಾಟಿ ಓಡಿಸಿದ್ದಾರೆ. ಅವು ನಮ್ಮ ಮಾಳಿಗೆಗೆ ಹಾರಿವೆ. ಅತ್ತೆ ಇತ್ತ ಬಂದರೆ ಅವು ಮತ್ತೆ ಚಾಚಿಯ ಸಂಡಿಗೆಗೆ ಹೋಗುತ್ತವೆ. ಅತ್ತೆ ಅಲ್ಲೇ ಉಳಿದಿದ್ದಾರೆ.

“ಅತ್ತೀ, ನಮ್ಮವು ಎಲ್ಲಾ ಹ್ವಾದ್ವಲ್ಲರೀ!”

“ಹೋಗ್ಲಿ ಬಿಡು. ನೀ ಕೆಳಗ ನಡಿ, ಕೆಲಸ ನೋಡು.”

ಸಂಜೆ ಚಾಚಿ ಬಂದು ತಮ್ಮ ಮಾಳಿಗೆ ಹತ್ತಿದರು. ನಾನು ಮೆಟ್ಟಿಲಲ್ಲಿ ನಿಂತು ಕದ್ದು ಕೇಳಿದೆ. ಯಾರು ತಾನೇ ಕೇಳುವುದಿಲ್ಲ? ಚಾಚಿ ನಮ್ಮ ಬರಿದಾದ ಮಾಳಿಗೆಯನ್ನು ನೋಡಿದರು, ತಮ್ಮ ತುಂಬಿದ ಸೀರೆಯನ್ನು ನೋಡಿದರು. ಆಮೇಲೆ ಅತ್ತೆಯ ಕಡೆ ತಿರುಗಿದರು.

“ಆ ನೀರಿನ ಮಾತು…”

“ಅದನ್ನ ತೆಗಿಯಂಗಿಲ್ಲ. ಕಾಯ್ದೆ ಐತಿ.”

“ಕಾಯ್ದೆ ಸಭಾದಾಗ. ಇಲ್ಲಿ ನಾವಿಬ್ಬರ ಅದೀವಿ.”

ಅಷ್ಟೇ ಸಾಕಾಯಿತು. ಮಳೆಗಾಲದಿಂದ ಕಟ್ಟಿಟ್ಟದ್ದೆಲ್ಲ ಹೊರಬಿತ್ತು. ನೀರು, ಅರಳೆ, ಯಾರ ತಪ್ಪು, ಯಾರು ಮೊದಲು ಮಾತು ಬಿಟ್ಟದ್ದು. ಇಡೀ ಓಣಿಗೆ ಕೇಳುವಂತೆ ಜಗಳ. ನನಗೋ ಹಬ್ಬದ ಸಂತೋಷ. ಅಷ್ಟರಲ್ಲಿ ಚಾಚಿಯ ದನಿ ಇಳಿಯಿತು.

“ಅರಳಿ ತೊಯ್ದ್ರ ಬಿಸಲಿಗೆ ಒಣಗ್ತೈತಿ. ಮಾರಿ ನೋಡಂಗಿಲ್ಲ ಅಂದೆಲ್ಲ, ಅದನ್ನ ಎಲ್ಲಿ ಒಣಗಿಸ್ಲಿ?”

ನಾನು ಇಣುಕಿದರೆ ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಂಡು ಚಾಚಿಯ ಮುಖವನ್ನೇ ನೋಡುತ್ತಿದ್ದರು. ನನಗೂ ಅಳು ಬಂದು ಕೆಳಗಿಳಿದೆ.

ಅಂದು ಊಟಕ್ಕೆ ನಾನು ಕರಿದದ್ದು ಚಾಚಿ ಗೋಡೆಯ ಮೇಲಿಂದ ಕೊಟ್ಟ ಸಂಡಿಗೆ. “ಆಕಿ ಕೈ ಉಪ್ಪಿಗೆ ಹಿಡಿತಾನ ಇಲ್ಲ” ಎಂದು ಬೈಯುತ್ತಲೇ ಅತ್ತೆ ಇನ್ನೊಂದು ಸಲ ಹಾಕಿಸಿಕೊಂಡರು.