ಕಾರ್ಮಿನ್ ಬಾಯಿಯ ಹೊಲಿದ ಪುಸ್ತಕಗಳು

ಕಾರ್ಮಿನ್ ಬಾಯಿಯ ಕೊರಳಲ್ಲಿ ಎರಡು ವಸ್ತುಗಳು ನೇತಾಡುತ್ತಿದ್ದವು. ಒಂದು ಶಿಲುಬೆ, ಇನ್ನೊಂದು ಕತ್ತರಿ. ಶಿಲುಬೆ ರವಿಕೆಯ ಒಳಗಿರುತ್ತಿತ್ತು, ಕತ್ತರಿ ಸದಾ ಹೊರಗೆ. ಯಾರಾದರೂ ಮಾತಾಡುತ್ತಿರುವಾಗ ಆಕೆ ಅದನ್ನು ಕೈಯಲ್ಲಿ ಹಿಡಿದು ತೆರೆದು ಮುಚ್ಚಿ ಮಾಡುತ್ತಿದ್ದಳು. ಎದುರಿಗಿದ್ದವನ ಮಾತು ಅಲ್ಲಿಗೇ ತುಂಡಾಗುತ್ತಿತ್ತು. ನನಗೆ ಆ ಹೆಂಗಸನ್ನು ಕಂಡರೆ ಆಗುತ್ತಿರಲಿಲ್ಲ. ಈಗ ಆಕೆಯ ಬಗ್ಗೆ ಬರೆಯಲು ಕೂತಿದ್ದೇನೆಂದರೆ ಸಿಟ್ಟು ಇಳಿದಿದೆ ಎಂದು ಯಾರೂ ತಿಳಿಯಬಾರದು.

ಐವತ್ತರ ದಶಕದ ಕೊನೆಯ ಮಾತು. ನಾನು ಕಾಪುವಿನ ಶಾಲೆಯೊಂದರಲ್ಲಿ ಕನ್ನಡ ಮಾಸ್ಟ್ರು. ಬಸ್ಸು ನಿಲ್ಲುವ ಜಾಗದ ಎದುರಿಗೆ, ಸೋಡಾ ಅಂಗಡಿಯ ಪಕ್ಕದ ಕೋಣೆಯಲ್ಲಿ ಕಾರ್ಮಿನ್ ಬಾಯಿ ಪುಸ್ತಕಗಳನ್ನು ಓದಲು ಬಾಡಿಗೆಗೆ ಕೊಡುತ್ತಿದ್ದಳು. ಗಂಡ ದರ್ಜಿಯಾಗಿದ್ದ, ತೀರಿಕೊಂಡಿದ್ದ. ಅವನ ಹೊಲಿಗೆ ಯಂತ್ರ ಬಾಗಿಲ ಬಳಿ ಮೂಲೆ ಸೇರಿತ್ತು, ಸಾಬೂನಿನ ಮರದ ಪೆಟ್ಟಿಗೆಗಳು ಗೋಡೆಗೆ ಒರಗಿ ಕಪಾಟುಗಳಾಗಿದ್ದವು. ಆ ಪೆಟ್ಟಿಗೆಗಳಲ್ಲಿ ಇದ್ದುದೆಲ್ಲ ಒಂದೇ ಜಾತಿಯ ಪುಸ್ತಕ. ಅಖಾಡದಲ್ಲಿ ಕಾದಾಡುವ ಜಟ್ಟಿಗಳು, ಸಿಂಹದ ಎದುರಿಗೆ ನೂಕಲ್ಪಟ್ಟ ಗುಲಾಮರು, ಕತ್ತಿವರಸೆಯ ವೀರರು, ಹಡಗು ಒಡೆದು ಯಾವುದೋ ದ್ವೀಪದಲ್ಲಿ ಒಬ್ಬರನ್ನೊಬ್ಬರು ಕಾಯುತ್ತಾ ಕೊಲ್ಲುತ್ತಾ ಇರುವ ನಾವಿಕರು. ಉಡುಪಿಗೂ ಮಂಗಳೂರಿಗೂ ಹೋಗಿ ಆಕೆಯೇ ಆರಿಸಿ ತರುತ್ತಿದ್ದಳು. ಪ್ರೇಮದ ಕಾದಂಬರಿ ಕೇಳಿದ ಹೆಂಗಸರಿಗೆ ಸಿಗುತ್ತಿದ್ದ ಉತ್ತರ ಊರಿಗೆಲ್ಲ ಗೊತ್ತಿತ್ತು. "ಮದುವೆಯಲ್ಲಿ ಮುಗಿಯುವ ಪುಸ್ತಕದಲ್ಲಿ ಎಂತ ಉಂಟು ಮಾರಾಯ್ತಿ? ಮದುವೆ ಆದ ಮೇಲೆ ಅಲ್ವಾ ಬದುಕಿ ಉಳಿಯುವ ಕಥೆ ಶುರು ಆಗುವುದು?"

ಆಕೆಯ ಅಂಗಡಿಯ ಕಟ್ಟಳೆ ಬೇರೆಲ್ಲೂ ನಾನು ಕಂಡದ್ದಲ್ಲ. ಪ್ರತಿ ಪುಸ್ತಕದ ಕೊನೆಯ ಅಧ್ಯಾಯವನ್ನು ಆಕೆ ಹೊಲಿದುಬಿಡುತ್ತಿದ್ದಳು. ಮೀನುಗಾರರು ಬಲೆ ಕಟ್ಟುವ ನೂಲಿನಿಂದ, ದಬ್ಬಳ ಹಾಕಿ, ಅಂಚಿನಲ್ಲಿ ಮೂರು ಕಡೆ. ಓದುಗ ಅಲ್ಲಿಯವರೆಗೆ ಓದಿ ಅಂಗಡಿಗೆ ವಾಪಸು ಬರಬೇಕು. ಹೊರಗಿನ ಬೆಂಚಿನಲ್ಲಿ ಕೂತು ಯಾರು ಉಳಿಯುತ್ತಾರೆ, ಯಾರು ಸಾಯುತ್ತಾರೆ, ಯಾಕೆ ಎಂದು ಹೇಳಬೇಕು. 'ಯಾಕೆ' ಎಂಬುದು ಸರಿಯಾಗಿದ್ದರೆ ಕತ್ತರಿ ಬಂದು ಹೊಲಿಗೆ ಬಿಚ್ಚುತ್ತದೆ, ಅಲ್ಲೇ ಕೂತು ಮುಗಿಸಬಹುದು. ಇಲ್ಲದಿದ್ದರೆ ಮನೆಗೆ ಹೋಗಿ ಮತ್ತೊಮ್ಮೆ ಓದಿಕೊಂಡು ಬರಬೇಕು. ಇಂಥ ಅಂಗಡಿಗೆ ಯಾರು ಹೋಗುತ್ತಾರೆ ಎಂದು ನೀವು ಕೇಳಬಹುದು. ಸಂಜೆ ಆ ಬೆಂಚಿನಲ್ಲಿ ಕೂರಲು ಜಾಗ ಇರುತ್ತಿರಲಿಲ್ಲ.

ಒಂದು ಸಂಜೆ ಕಡಲ ಬದಿಯ ಸೋಮಣ್ಣ ಪುಸ್ತಕ ಹಿಡಿದು ಬಂದದ್ದನ್ನು ನಾನೇ ನೋಡಿದ್ದೇನೆ. ಅಕ್ಷರ ಕೂಡಿಸಿ ಕೂಡಿಸಿ ಓದುವವನು, ಒಂದು ಪುಸ್ತಕಕ್ಕೆ ತಿಂಗಳು ಹಿಡಿಯುವವನು.

"ಆ ಎತ್ತರದ ಜಟ್ಟಿ ಸಾಯುತ್ತಾನೆ ಬಾಯಮ್ಮ," ಎಂದ.

"ಯಾಕೆ? ಅವನಿಗೆ ಎಲ್ಲರಿಗಿಂತ ಬಲ ಉಂಟಲ್ಲ?"

"ಬಲ ಉಂಟು. ಆದ್ರೆ ಮೂರನೇ ಕುಸ್ತಿಯಲ್ಲಿ ಅವನ ಎಡಗಾಲು ಉಳುಕಿತ್ತು. ಅದನ್ನು ಅವನು ಯಾರಿಗೂ ಹೇಳಲಿಲ್ಲ. ದೋಣಿ ಒಡೆದದ್ದನ್ನು ಹೇಳದೆ ಕಡಲಿಗೆ ಇಳಿದ ಹಾಗೆ ಆಯ್ತಲ್ಲ ಅದು?"

ಕಾರ್ಮಿನ್ ಬಾಯಿ ಹೊಲಿಗೆ ಕತ್ತರಿಸಿ ಪುಸ್ತಕವನ್ನು ಎರಡೂ ಕೈಯಲ್ಲಿ ಅವನಿಗೆ ಕೊಟ್ಟಳು. ಆಕೆ ಮೆಚ್ಚಿದ್ದನ್ನು ತೋರಿಸುತ್ತಿದ್ದುದು ಅಷ್ಟರಲ್ಲೇ.

ನನ್ನ ಸರದಿ ಬಂದದ್ದು ಅದರ ಮರುವಾರ. ಒಬ್ಬ ಗುಲಾಮನನ್ನು ಅಖಾಡಕ್ಕೆ ಇಳಿಸಿ ಸಿಂಹ ಬಿಡುವಲ್ಲಿಗೆ ಹೊಲಿಗೆ ಬಂದಿತ್ತು. ನಾನು ತರಗತಿಯಲ್ಲಿ ಪದ್ಯದ ಸಾರಾಂಶ ಹೇಳುವ ಧಾಟಿಯಲ್ಲೇ ಹೇಳಿದೆ: "ಅವನು ಉಳಿಯುತ್ತಾನೆ. ಸತ್ಯವಂತ, ದಯಾಳು. ಕಥೆಯುದ್ದಕ್ಕೂ ಒಬ್ಬರಿಗೂ ಕೇಡು ಬಗೆಯಲಿಲ್ಲ."

"ಅವನು ಒಳ್ಳೆಯವನು ಅಂತ ಸಿಂಹಕ್ಕೆ ಗೊತ್ತುಂಟಾ ಮಾಸ್ಟ್ರೇ?"

ಬೆಂಚಿಗೆ ಬೆಂಚೇ ನಕ್ಕಿತು. ನಕ್ಕವರಲ್ಲಿ ನನ್ನ ವಿದ್ಯಾರ್ಥಿಗಳ ಅಪ್ಪಂದಿರು ಇದ್ದರು. ಕೂಡಿಸಿ ಓದುವ ಸೋಮಣ್ಣನೂ ಇದ್ದ. "ಇನ್ನೊಮ್ಮೆ ಓದಿಕೊಂಡು ಬನ್ನಿ," ಎಂದು ಆಕೆ ಪುಸ್ತಕವನ್ನು ನನ್ನ ತೊಡೆಯ ಮೇಲೆ ಇಟ್ಟಳು. ಕನ್ನಡ ಪಂಡಿತ ಪರೀಕ್ಷೆ ಪಾಸಾದ ನನಗೆ!

ಮನೆಗೆ ಬಂದವನೇ ಕ್ಷೌರದ ಬ್ಲೇಡಿನಿಂದ ಆ ನೂಲನ್ನು ಕುಯ್ದೆ. ಒಂದೇ ಉಸಿರಿಗೆ ಕೊನೆಯ ಅಧ್ಯಾಯ ಓದಿದೆ. ಚೆನ್ನಾಗಿತ್ತು, ಅದನ್ನೂ ಹೇಳಿಬಿಡುತ್ತೇನೆ. ಮರುದಿನ ಕಡಲ ದಂಡೆಗೆ ಹೋಗಿ ಬಲೆಯ ನೂಲು ಕೇಳಿ ತಂದು, ಅದೇ ತೂತುಗಳಲ್ಲಿ ದಬ್ಬಳ ಹಾಯಿಸಿ ಹೊಲಿದೆ. ಗಂಟು ಮಾತ್ರ ನನಗೆ ಬರುವ ಗಂಟನ್ನೇ ಹಾಕಿದೆ, ಮನೆಯಲ್ಲಿ ಅಕ್ಕಿಚೀಲಕ್ಕೆ ಹಾಕುವಂಥದ್ದು. ಬಲೆಯ ನೂಲಿಗೆ ಬಲೆಯ ಗಂಟೇ ಬೀಳಬೇಕು ಎಂಬುದು ಕಾಪುವಿನಲ್ಲಿ ಎಲ್ಲರಿಗೂ ಗೊತ್ತಿರುವ ವಿಷಯ, ನನಗೆ ಹೊಳೆಯಲಿಲ್ಲ. "ನನಗೆ ಈ ಪುಸ್ತಕ ಹಿಡಿಸಲಿಲ್ಲ ಬಾಯಮ್ಮ, ಮುಗಿಸುವ ಮನಸ್ಸಿಲ್ಲ," ಎಂದು ವಾಪಸು ಕೊಟ್ಟೆ. ಆಕೆ ಅದನ್ನು ತಿರುಗಿಸಿ ನೋಡಿ ಪಕ್ಕಕ್ಕಿಟ್ಟಳು. ಆ ದಿನದಿಂದ ನಾನು ಅಂಗಡಿಗೆ ಹೋಗಲಿಲ್ಲ.

ಸುಮ್ಮನಿದ್ದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಒಂದು ದಿನ ತರಗತಿಯಲ್ಲಿ ಸತ್ಯವಂತರಿಗೆ ಕೊನೆಗೆ ಜಯವೆಂದು ವಿವರಿಸುತ್ತಿದ್ದಾಗ ಹಿಂದಿನ ಸಾಲಿನಿಂದ ಯಾರೋ "ಸಿಂಹಕ್ಕೆ ಗೊತ್ತುಂಟಾ?" ಎಂದರು. ಇಡೀ ತರಗತಿ ನಕ್ಕಿತು. ಆ ಸಂಜೆಯೇ ನಾನು ಹೆಡ್ಮಾಸ್ಟರಿಗೆ ಎರಡು ಹಾಳೆ ತುಂಬ ದೂರು ಬರೆದೆ. ಆ ಅಂಗಡಿ ಮಕ್ಕಳಲ್ಲಿ ಕ್ರೌರ್ಯವನ್ನು ಬಿತ್ತುತ್ತಿದೆ, ಅಲ್ಲಿನ ಒಂದೇ ಒಂದು ಪುಸ್ತಕದಲ್ಲಿ, ಆ ಗುಲಾಮನ ಕಥೆಯಲ್ಲಿ, ಹನ್ನೊಂದು ಮಂದಿ ರಕ್ತ ಕಾರಿ ಸಾಯುತ್ತಾರೆ, ಹೀಗೆಲ್ಲ. ಭಾಷೆ ಗಟ್ಟಿಯಾಗಿತ್ತು. ಅಂಗಡಿಯ ಕೋಣೆಯ ಮಾಲೀಕರು ನಮ್ಮ ಶಾಲೆಯ ಸಮಿತಿಯಲ್ಲಿದ್ದರು ಎಂಬುದು ಬರೆಯುವಾಗ ನನಗೆ ಚೆನ್ನಾಗಿ ನೆನಪಿತ್ತು.

ಕಾರ್ಮಿನ್ ಬಾಯಿಯನ್ನು ಕರೆಸಿದರು. ಹೆಡ್ಮಾಸ್ಟರ ಕೋಣೆಯಲ್ಲಿ ಹೆಡ್ಮಾಸ್ಟರು, ಮಾಲೀಕರು, ನಾನು. ಆಕೆ ಬಟ್ಟೆಯ ಚೀಲ ತೊಡೆಯ ಮೇಲಿಟ್ಟು ಕೂತಳು. ಅಂಗಡಿ ಇರಬೇಕೋ ಹೋಗಬೇಕೋ ಎಂಬ ಪ್ರಶ್ನೆ ಅದು. ಆಕೆಗೆ ಬೇರೆ ಅನ್ನದ ದಾರಿ ಇರಲಿಲ್ಲ. ನನ್ನ ದೂರನ್ನು ಓದಿ ಹೇಳಲಾಯಿತು.

"ಎಷ್ಟು ಜನ ಅಂತ ಬರೆದಿದ್ದಾರೆ?" ಎಂದು ಕೇಳಿದಳು.

"ಹನ್ನೊಂದು," ಎಂದರು ಹೆಡ್ಮಾಸ್ಟರು.

"ಹೊಲಿಗೆಯವರೆಗೆ ಓದಿದರೆ ಎಂಟು. ಉಳಿದ ಮೂವರು ಸಾಯುವುದು ಹೊಲಿಗೆಯ ಒಳಗೆ. ಮಾಸ್ಟ್ರಿಗೆ ನಾನು ಹೊಲಿಗೆ ಬಿಚ್ಚಿ ಕೊಡಲಿಲ್ಲ. ಅವರೇ ಹಿಡಿಸಲಿಲ್ಲ ಅಂತ ವಾಪಸು ತಂದುಕೊಟ್ಟದ್ದು."

ಹೆಡ್ಮಾಸ್ಟರು ಕನ್ನಡಕ ತೆಗೆದು ನನ್ನತ್ತ ತಿರುಗಿದರು. "ನೀವು ಅದನ್ನು ಕುಯ್ದು ಓದಿದಿರಾ?"

"ಇಲ್ಲ," ಎಂದೆ. "ಯಾರೋ ಹೇಳಿದ್ದನ್ನು ಬರೆದೆ."

ಕಾರ್ಮಿನ್ ಬಾಯಿಯ ಕೈ ಚೀಲದೊಳಗೆ ಹೋಯಿತು. ಅಲ್ಲಿ ಸ್ವಲ್ಪ ಹೊತ್ತು ನಿಂತಿತು. ಆಮೇಲೆ ಬರಿಗೈ ಹೊರಬಂತು. ಮಾಲೀಕರು ಮಕ್ಕಳ ಹಿತದೃಷ್ಟಿಯಿಂದ ತಿಂಗಳೊಳಗೆ ಕೋಣೆ ತೆರವು ಮಾಡಬೇಕೆಂದರು. ನಾನು ಗೆದ್ದೆ.

ಆಕೆ ಊರು ಬಿಟ್ಟದ್ದು ಪರೀಕ್ಷೆಯ ದಿನಗಳಲ್ಲಿ. ಬೆಳಿಗ್ಗೆ ಶಾಲೆಗೆ ಹೋಗುವಾಗ ಕಾರ್ಕಳದ ಬಸ್ಸಿನ ಟಾಪಿನ ಮೇಲೆ ಸಾಬೂನಿನ ಪೆಟ್ಟಿಗೆಗಳನ್ನು ಏರಿಸುತ್ತಿದ್ದರು. ಸೋಮಣ್ಣ ಮೇಲೆ ನಿಂತು ಹಗ್ಗ ಬಿಗಿಯುತ್ತಿದ್ದ. ನನ್ನನ್ನು ನೋಡಿ ಮುಖ ತಿರುಗಿಸಿದ. ನಾನು ರಸ್ತೆ ದಾಟಿಬಿಡಬೇಕೆಂದಿದ್ದೆ. "ಮಾಸ್ಟ್ರೇ," ಎಂದು ಆಕೆಯೇ ಕರೆದಳು. ಚೀಲದಿಂದ ಆ ಗುಲಾಮನ ಪುಸ್ತಕ ತೆಗೆದು ನನ್ನ ಕೈಗಿಟ್ಟಳು. ನನ್ನ ಅಕ್ಕಿಚೀಲದ ಗಂಟುಗಳು ಮೂರೂ ಹಾಗೆಯೇ ಇದ್ದವು.

"ಅವತ್ತು ಇದು ನಿಮ್ಮ ಚೀಲದಲ್ಲೇ ಇತ್ತಾ?" ಎಂದೆ.

"ಇತ್ತು."

"ಮತ್ತೆ ಯಾಕೆ ತೋರಿಸಲಿಲ್ಲ?"

"ಮಾಲೀಕರಿಗೆ ಕೋಣೆ ಬೇಕಿತ್ತು, ಮಾಸ್ಟ್ರೇ. ಮಗನಿಗೆ ಜವಳಿ ಅಂಗಡಿ ಹಾಕಿಕೊಡಬೇಕು ಅಂತ ಒಂದು ವರ್ಷದಿಂದ ಕಾಯ್ತಾ ಇದ್ರು. ನಿಮ್ಮ ಕಾಗದ ಇಲ್ಲದಿದ್ರೂ ನಾನು ಹೋಗುವುದೇ. ಇದನ್ನು ತೋರಿಸಿದ್ರೆ ನಿಮ್ಮ ಕೆಲಸ ಸಹ ಹೋಗ್ತಿತ್ತು." ಬಸ್ಸಿನ ಮೆಟ್ಟಿಲ ಮೇಲೆ ಕಾಲಿಟ್ಟು ಹಿಂತಿರುಗಿ ನೋಡಿದಳು. "ನಿಮ್ಮ ಮೇಲೆ ಕನಿಕರ ಅಂತ ಎಣಿಸಬೇಡಿ. ನೀವು ಹೇಡಿ. ಆದ್ರೆ ಸುಮ್ಮನೆ ಇಬ್ಬರು ಯಾಕೆ ಸಾಯಬೇಕು?"

ಆಕೆ ನನ್ನ ಮುಖಕ್ಕೆ ಉಗಿದಿದ್ದರೆ ನಾನು ಎಂದೋ ಮರೆತುಬಿಡುತ್ತಿದ್ದೆ. ಹೇಡಿ ಎಂದದ್ದನ್ನೂ ಸಹಿಸುತ್ತಿದ್ದೆ. ನನ್ನನ್ನು ಲೆಕ್ಕ ಹಾಕಿ ಉಳಿಸಿದಳಲ್ಲ, ಅದನ್ನು ನಾನು ಕ್ಷಮಿಸಲಿಲ್ಲ, ಇವತ್ತಿಗೂ ಇಲ್ಲ. ಮೂರು ವರ್ಷಗಳ ಮೇಲೆ ಕಾರ್ಕಳದಲ್ಲಿ ತಮ್ಮನ ಮನೆಯಲ್ಲಿ ಆಕೆ ತೀರಿಕೊಂಡಳೆಂದು ಬಸ್ ಏಜೆಂಟನಿಂದ ತಿಳಿಯಿತು. ನಾನು ಹೋಗಲಿಲ್ಲ. ಅಷ್ಟರಲ್ಲಿ ನಾನೇ ಹೆಡ್ಮಾಸ್ಟರಾಗಿದ್ದೆ.

ಬಸ್ಸು ಹೊರಟ ಆ ಬೆಳಿಗ್ಗೆ ನಾನು ಪುಸ್ತಕವನ್ನು ಕೊಡೆಯೊಳಗೆ ಅಡಗಿಸಿಕೊಂಡು ಶಾಲೆಗೆ ಬಂದೆ. ಏಳನೆಯ ತರಗತಿಗೆ ಕನ್ನಡ ಪರೀಕ್ಷೆ. ಅರ್ಧ ಗಂಟೆಯಾಗುವಷ್ಟರಲ್ಲಿ ಒಬ್ಬಳು ಹುಡುಗಿ ಪಕ್ಕದವಳ ಹಾಳೆಯತ್ತ ಕಣ್ಣು ಹಾಯಿಸಿದ್ದನ್ನು ಕಂಡೆ. ಎಬ್ಬಿಸಿ ನಿಲ್ಲಿಸಿದೆ.

"ನಾನು ನೋಡಲಿಲ್ಲ ಮಾಸ್ಟ್ರೇ," ಎಂದಳು.

ಹೆಡ್ಮಾಸ್ಟರ ಎದುರು 'ಇಲ್ಲ' ಎಂದು ನಾನೂ ಅಷ್ಟೇ ನೇರವಾಗಿ ನಿಂತು ಅಷ್ಟೇ ಮೆಲ್ಲಗೆ ಹೇಳಿದ್ದೆ. ಅವಳ ಉತ್ತರದ ಹಾಳೆಯನ್ನು ಕಿತ್ತುಕೊಂಡು ಹೊರಗೆ ಕಳಿಸಿದೆ.