ಅಕ್ಕನನ್ನು ಮಣ್ಣು ಮಾಡಿದ ಹೊಲ

ನಮ್ಮ ಕಡೆ ಹೊಲವಿದ್ದವರು ತಮ್ಮವರನ್ನು ತಮ್ಮ ಹೊಲದಲ್ಲೇ ಮಣ್ಣು ಮಾಡುತ್ತಾರೆ. ಮದುವೆಯಾದ ಹೆಣ್ಣಿಗೆ ಗಂಡನ ಹೊಲ. ಅಕ್ಕನಿಗಿದ್ದ ಭಯ ಅದೊಂದೇ.

“ಸತ್ರ ನನ್ನ ಅವರ ಹೊಲದಾಗ ಇಡಬ್ಯಾಡ್ರವಾ, ಅಪ್ಪನ ಮಗ್ಗಲ ಇಡ್ರಿ,” ಅನ್ನುತ್ತಿದ್ದಳು. ಅದಕ್ಕೆ ಮೊದಲು ಸೋಡಚೀಟಿ, ಅಂದರೆ ಗಂಡನಿಂದ ಬಿಡುಗಡೆ, ಆಗಬೇಕಿತ್ತು.

ಅವಳ ಗಂಡ ಸವದತ್ತಿ ತಾಲೂಕಿನವನು. ಮನೆಗೆ ಇನ್ನೊಬ್ಬಳನ್ನು ಕರೆತಂದ ಮೇಲೆ ಅಕ್ಕ ಕಿತ್ತೂರಿನ ಹತ್ತಿರದ ನಮ್ಮೂರಿಗೆ ಬಂದುಬಿಟ್ಟಳು. ತೊಂಬತ್ತರ ದಶಕದ ಕೊನೆಗೆ ಬೈಲಹೊಂಗಲದ ಕೋರ್ಟಿನಲ್ಲಿ ವಿಚ್ಛೇದನದ ಕೇಸು ಹಾಕಿದೆವು. ತಾರೀಕಿಗೆ ಅವಳ ಜೊತೆ ಹೋಗುತ್ತಿದ್ದವಳು ನಾನು, ಅವಳ ತಂಗಿ. ಒಮ್ಮೆ ಅವನು ಬರುತ್ತಿರಲಿಲ್ಲ, ಒಮ್ಮೆ ಅವನ ವಕೀಲರು. ಬಂದ ದಿನ, “ನಾ ಬಾಳುವೆ ಮಾಡಾಕ ತಯಾರ್ ಅದೀನ್ರಿ ಸಾಹೇಬ್ರ,” ಎಂದು ಕೈ ಮುಗಿಯುತ್ತಿದ್ದ. ಮತ್ತೆ ಮುಂದಿನ ತಾರೀಕು. ಸಾಕ್ಷಿ ಶುರುವಾಗುವಷ್ಟರಲ್ಲಿ ನ್ಯಾಯಾಧೀಶರಿಗೆ ವರ್ಗವಾಗುತ್ತಿತ್ತು.

“ಮದುವಿ ಒಬ್ಬ ಅಯ್ಯನೋರು ಒಪ್ಪತ್ತಿನ್ಯಾಗ ಮಾಡಿಸಿದ್ರು. ಬಿಡಸಾಕ ಎಷ್ಟು ಸಾಹೇಬ್ರು ಬೇಕೋ ಏನೋ,” ಎಂದು ಅಕ್ಕ ನಗುತ್ತಿದ್ದಳು. ಕೋರ್ಟಿನ ಹೊರಗೆ ಬೇವಿನ ನೆರಳಲ್ಲಿ ಕುಳಿತ ಹೆಂಗಸರೆಲ್ಲ ನಗುತ್ತಿದ್ದರು. ಅವರದೂ ಅದೇ ಪಾಡು.

ಧಾರವಾಡಕ್ಕೆ ಹೈಕೋರ್ಟಿನ ಪೀಠ ಬಂದಾಗ ನಮ್ಮ ವಕೀಲರು ಅಲ್ಲಿ ಅರ್ಜಿ ಹಾಕಿಸಿದರು. ಇಂಥ ಕೇಸು ಹೀಗೆ ಎಳೆಯಬಾರದು, ಆರು ತಿಂಗಳಲ್ಲಿ ಮುಗಿಸಿ ಎಂದು ಆದೇಶವಾಯಿತು. ಅಂದು ಅಕ್ಕ ಹೋಳಿಗೆ ಮಾಡಿದಳು. ಬೈಲಹೊಂಗಲದಲ್ಲಿ ಕೇಸು ನಿಜಕ್ಕೂ ಓಡತೊಡಗಿತು. ಅವಳ ಸಾಕ್ಷಿ ಮುಗಿಯಿತು, ಅವನದೂ ಮುಗಿಯಿತು. ಇಬ್ಬರ ವಕೀಲರ ವಾದವಷ್ಟೇ ಉಳಿದಿತ್ತು.

ಅಷ್ಟರಲ್ಲಿ ಅಕ್ಕನಿಗೆ ಕಾಮಾಲೆಯಾಯಿತು. ಎಲೆಮದ್ದು ಕೊಡಿಸಿದೆವು, ಆಮೇಲೆ ಬೆಳಗಾವಿಯ ದವಾಖಾನೆಗೆ ಸೇರಿಸಿದೆವು. ಉಳಿಯಲಿಲ್ಲ.

ಹೆಣ ಮನೆಗೆ ತಂದ ದಿನ ಮಧ್ಯಾಹ್ನ ಗಂಡನ ಮನೆಯವರು ಟ್ರ್ಯಾಕ್ಟರಿನಲ್ಲಿ ಬಂದರು. ಮುತ್ತೈದೆ ಸತ್ತಿದ್ದಾಳೆ, ತವರಿನಲ್ಲಿ ಬಿಟ್ಟರೆ ತಮ್ಮ ಮನೆತನಕ್ಕೆ ಒಳಿತಲ್ಲ ಎಂದರು. ನಾನು ವಕೀಲರಿಗೆ ಫೋನು ಮಾಡಿದೆ.

“ತೀರ್ಪು ಆಗೂತನಕ ಕಾನೂನ್ದಾಗ ಆಕಿ ಅವನ ಹೆಂಡ್ತಿನ ನೋಡವಾ,” ಎಂದರು ಅವರು. “ನಾ ಏನ್ ಮಾಡ್ಲಿ ಹೇಳು.”

ಅಪ್ಪ ಹೋದ ಮೇಲೆ ನಮ್ಮ ಮನೆಗೆ ಕಾಕಾನೇ ಹಿರಿಯ. ಅಕ್ಕ ಹೇಳಿದ್ದನ್ನು ಅವನಿಗೆ ಹೇಳಿದೆ.

“ಹೆಣದ ಮುಂದ ಜಗಳ ಬ್ಯಾಡವಾ,” ಎಂದ. “ನಾಳಿ ನಿನ್ನ ಮಗಳಿಗೂ ವರ ನೋಡಬೇಕಲ್ಲ.”

ನಾನು ಪೆಟ್ಟಿಗೆಯಿಂದ ಅವಳ ಹಸಿರು ಸೀರೆ ತೆಗೆದುಕೊಟ್ಟೆ. ಅದನ್ನು ಉಡಿಸಿ, ಬಳೆ ತೊಡಿಸಿ, ಉಡಿ ತುಂಬಿದರು. ಅವಳ ಹಣೆಗೆ ಕುಂಕುಮ ಹಚ್ಚಲು ಗಂಡನನ್ನು ಕರೆದರು. ಹಚ್ಚಿದ. ಹೆಂಗಸರು, ಪುಣ್ಯವಂತೆ ಎಂದು ಅತ್ತರು.

ಮುಂದಿನ ತಾರೀಕಿಗೆ ವಕೀಲರು ಅಕ್ಕ ತೀರಿದ ವಿಷಯ ಕೋರ್ಟಿಗೆ ತಿಳಿಸಿದರು. ಕೇಸು ಅಂದೇ ಮುಗಿಯಿತು. ಹೈಕೋರ್ಟು ಕೊಟ್ಟ ಅವಧಿ ಇನ್ನೂ ಉಳಿದಿತ್ತು.

ವರ್ಷದ ಪೂಜೆಗೆ ಅವಳ ಸಮಾಧಿಯ ಗದ್ದುಗೆಗೆ ಎರಡು ಹೂವು ಇಟ್ಟು ಬರೋಣವೆಂದರೆ ಅವನ ಹೊಲ ತುಳಿಯಬೇಕು. ಫೋನು ಮಾಡಿ ಕೇಳಿದೆ.

“ಈಗ ಹತ್ತಿ ಬಿಡಿಸೂದು ನಡದೈತ್ರಿ,” ಎಂದ. “ಮುಂದ ನೋಡೂಣು.”